ಮಡಿ ಸ್ಟೌವಿನ ವಾಸರು

ಯುದ್ಧದ ಕಾಲದಲ್ಲಿ ಮದ್ದೂರಿನ ಸ್ಟೇಷನ್ ರಸ್ತೆಯಲ್ಲಿ ನನ್ನದೊಂದು ರಿಪೇರಿ ಅಂಗಡಿ ಇತ್ತು. ಅಂಗಡಿ ಎಂದರೆ ಏನೇನೋ ಕಲ್ಪಿಸಿಕೊಳ್ಳಬೇಡಿ. ನಾಲ್ಕು ತಗಡು, ಒಂದು ಬೆಂಚು, ಅದರ ಹಿಂದೆ ನಾನು. ಮದುವೆ ಮನೆಯ ಗ್ಯಾಸ್ ಲೈಟು, ಬೈಸಿಕಲ್ಲು, ಸೀಮೆಎಣ್ಣೆಯ ಪಂಪ್ ಸ್ಟೌವು, ಏನು ಬಂದರೂ ಬಿಚ್ಚುತ್ತಿದ್ದೆ. ಬಿಚ್ಚಿದ್ದನ್ನು ಮತ್ತೆ ಜೋಡಿಸುತ್ತಲೂ ಇದ್ದೆ. ಊರಿನ ಇನ್ನೊಬ್ಬ ಮೆಕ್ಯಾನಿಕ್ಕಿನ ಬಗ್ಗೆ ಹಾಗೆ ಹೇಳಲಾರೆ. ಆಗ ನನಗೆ ಇಪ್ಪತ್ತಾರು ವರ್ಷ, ಕೋಪ ಮೂಗಿನ ತುದಿಯಲ್ಲಿ. ಕೈಯಿಂದ ಮುಟ್ಟದೆ ಯಾವ ಯಂತ್ರವನ್ನೂ ರಿಪೇರಿ ಮಾಡಲಾಗದು ಎಂದು ಬಲವಾಗಿ ನಂಬಿದ್ದೆ. ಆ ನಂಬಿಕೆಯನ್ನು ದೇವಸ್ಥಾನದ ಬೀದಿಯ ಒಬ್ಬ ಅಜ್ಜಿ ಬಿಡಿಸಿದರು.

ಅಜ್ಜಿಗೆ ಎಪ್ಪತ್ತರ ಹತ್ತಿರ ವಯಸ್ಸು. ಗಂಡ ತೀರಿಹೋಗಿ ಬಹಳ ವರ್ಷವಾಗಿತ್ತು. ಮನೆ ತುಂಬ ಸೊಸೆ, ಮೊಮ್ಮಕ್ಕಳು. ಆದರೆ ಅಜ್ಜಿಯ ಊಟ ಮಾತ್ರ ಮಡಿಯ ಊಟ. ಸ್ನಾನ ಮಾಡಿ ಒದ್ದೆ ಸೀರೆಯಲ್ಲಿ ತಾವೇ ಬೇಯಿಸಿಕೊಂಡು ತಿನ್ನಬೇಕು, ಬೇರೆ ಕೈ ಸೋಕುವಂತಿಲ್ಲ. ಅವರ ಒಲೆ ಇದ್ದದ್ದು ಕಿಟಕಿಯಿಲ್ಲದ ಒಂದು ಪುಟ್ಟ ಕೋಣೆಯಲ್ಲಿ. ಐವತ್ತು ವರ್ಷ ಆ ಹೊಗೆ ಕುಡಿದು ಅವರಿಗೆ ಉಬ್ಬಸ ಹತ್ತಿತು. ಆಸ್ಪತ್ರೆಯ ಡಾಕ್ಟರು ಬಂದು ನೋಡಿ, ಇನ್ನು ಸೌದೆ ಒಲೆಯ ಮುಂದೆ ಕೂತರೆ ಈ ಮಳೆಗಾಲ ದಾಟುವುದಿಲ್ಲ ಎಂದು ಮುಲಾಜಿಲ್ಲದೆ ಹೇಳಿದರು. ಅಜ್ಜಿ, ಹಾಗಾದರೆ ಊಟ ಬಿಡುತ್ತೇನೆ ಎಂದರಂತೆ. ಸೊಸೆ ಬೇಯಿಸಿದ್ದನ್ನು ತಿನ್ನುತ್ತೇನೆ ಎನ್ನಲಿಲ್ಲ.

ಮಗ ಮಳವಳ್ಳಿಯಲ್ಲಿ ಮೇಷ್ಟರು. ಪೆಟ್ರೋಲು ಸಿಗದ ಆ ದಿನಗಳಲ್ಲಿ ಬಸ್ಸುಗಳು ಇದ್ದಿಲಿನ ಮೇಲೆ ಓಡುತ್ತಿದ್ದವು. ಶನಿವಾರ ಶನಿವಾರ ಅವರು ಮುಖಕ್ಕೆಲ್ಲ ಮಸಿ ಮೆತ್ತಿಸಿಕೊಂಡು ಊರಿಗೆ ಬರುತ್ತಿದ್ದರು. ಬೆಳಕವಾಡಿಯಲ್ಲಿ ಬಿಡಾರ ಹೂಡಿದ್ದ ಒಬ್ಬ ಸರ್ವೆ ಅಧಿಕಾರಿಗೆ ವರ್ಗವಾದಾಗ ಅವರ ಕ್ಯಾಂಪಿನ ಸ್ಟೌವನ್ನು ಮೇಷ್ಟರು ಕೊಂಡು ತಂದರು. ಮೂರು ಕಾಲಿನ, ಬಿಚ್ಚಿ ತಗಡಿನ ಪೆಟ್ಟಿಗೆಯಲ್ಲಿ ಇಡುವಂಥ ಹಿತ್ತಾಳೆಯ ಸ್ಟೌವು. ಡೇರೆಯಲ್ಲಿ ಅದರ ಮೇಲೆ ಏನೇನು ಬೆಂದಿತ್ತೋ ಎಂದು ಅಜ್ಜಿ ಮೂರು ದಿನ ಹುಣಸೆಹಣ್ಣು, ಬೂದಿ ಹಾಕಿ ತಿಕ್ಕಿದರು. ಕಂಪನಿಯ ಹೆಸರು ಅರ್ಧ ಅಳಿಸಿಹೋಯಿತು. ಆಮೇಲೆ ಅದು ಮಡಿ ಸ್ಟೌವಾಯಿತು.

ತಿಂಗಳಾಗುವುದರೊಳಗೆ ಅದು ಕೆಟ್ಟಿತು. ನನಗೆ ಕರೆ ಬಂತು. ಹೋಗಿ ಸ್ಟೌವು ಕೊಡಿ ಎಂದು ಕೈ ಚಾಚಿದರೆ, ಹೊಸ್ತಿಲ ಒಳಗಿದ್ದ ಅಜ್ಜಿ ಅದನ್ನು ಎರಡು ಮಾರು ಹಿಂದಕ್ಕೆ ಎಳೆದುಕೊಂಡರು.

"ನೀನು ಮುಟ್ಟಿದ ಮೇಲೆ ನಾನೇನು ಮಾಡಲಯ್ಯ?"

"ಮತ್ತೆ ಉಣಸೆಅಣ್ಣು ಆಕಿ ತಿಕ್ಕುದ್ರಾಯ್ತು ಅಮ್ಮಾವ್ರೆ."

"ಹೊರಗೆ ತಿಕ್ಕಬಹುದು. ಅದರ ಹೊಟ್ಟೆಯೊಳಗೆ ಕೈ ಹಾಕ್ತೀಯಲ್ಲ, ಅಲ್ಲಿ ಹ್ಯಾಗೆ ತಿಕ್ಕಲಿ?"

"ಅಂಗಾದ್ರೆ ನನ್ನ ಯಾಕೆ ಕರುಸುದ್ರಿ?" ಎಂದು ರೇಗಿದೆ.

"ಬಾಯಿ ಇದೆಯಲ್ಲ. ನೀನು ಹೇಳು, ನಾನು ಮಾಡ್ತೀನಿ."

ಅಂದಿನಿಂದ ಎರಡು ವರ್ಷ ನಡೆದದ್ದು ಅದೇ. ನಾನು ಬೀದಿಯ ಮೆಟ್ಟಿಲ ಮೇಲೆ, ಅಜ್ಜಿ ಹೊಸ್ತಿಲ ಒಳಗೆ, ನಡುವೆ ಜಗಲಿ. ನನ್ನ ಸ್ಪ್ಯಾನರನ್ನು ಬಿಸಿನೀರಿನಲ್ಲಿ ಅದ್ದಿ ಒಳಗೆ ತೆಗೆದುಕೊಳ್ಳುತ್ತಿದ್ದರು. ಕಬ್ಬಿಣಕ್ಕೆ ಅಷ್ಟು ಸಾಕಂತೆ. ನಾನು ಕೂಗಿ ಹೇಳುವುದು, ಅವರು ಮಾಡುವುದು.

"ಮೊದ್ಲು ಗಾಳಿ ತಿರುಪು ಬುಡಿ ಅಮ್ಮಾವ್ರೆ. ಎಡಕ್ಕೆ ತಿರುಗ್ಸಿ."

"ನಿನ್ನ ಎಡವೋ, ನನ್ನ ಎಡವೋ? ಎದುರಿಗೆ ಕೂತಿದ್ದೀಯ, ಸರಿಯಾಗಿ ಹೇಳು!"

ಎಣ್ಣೆ ಚಿಮ್ಮುವ ನಿಪ್ಪಲ್ಲಿನ ತೂತಿಗೆ ಕೂದಲಿನಂಥ ಪಿನ್ನು ಹಾಕಿ ಕಸ ತೆಗೆಯುವುದನ್ನು ಹೇಳಿಕೊಡಲು ಒಂದು ಮಧ್ಯಾಹ್ನ ಹಿಡಿಯಿತು. ಪಿನ್ನು ಕೊಂಕದ ಹಾಗೆ ನೆಟ್ಟಗೆ ಇಳಿಸಬೇಕು. ಎರಡು ಪಿನ್ನು ಮುರಿದವು, ಎರಡಕ್ಕೂ ಬೈಗುಳ ತಿಂದವನು ನಾನು. ಟ್ಯಾಂಕಿನ ಒತ್ತಡ ಇಳಿಸುವ ಗಾಳಿ ತಿರುಪು ಬಿಗಿಯುವ ಮೊದಲು ಬರ್ನರಿನ ಕೆಳಗಿನ ಬಟ್ಟಲಿನಲ್ಲಿ ಸ್ಪಿರಿಟ್ಟು ಹಚ್ಚಬೇಕು, ಬರ್ನರು ಕಾಯುವ ತನಕ ಪಂಪು ಮುಟ್ಟಬಾರದು. ಅಜ್ಜಿಗೆ ತಾಳ್ಮೆ ಎಲ್ಲಿಂದ ಬರಬೇಕು? ಒಂದು ಸಲ ಅವಸರಪಟ್ಟು ಪಂಪು ಒತ್ತಿ, ಬೆಂಕಿ ಸೂರಿನ ತನಕ ಎದ್ದು, ನಾನು ಬೀದಿಯಲ್ಲಿ "ತಿರುಪು ಬುಡಿ! ತಿರುಪು ಬುಡಿ!" ಎಂದು ಕುಣಿದಾಡಿದ್ದನ್ನು ನೋಡಲು ದೇವಸ್ಥಾನದಿಂದ ಜನ ಬಂದಿದ್ದರು. ನಮ್ಮ ಪಾಠ ಕೇಳಿ ಕೇಳಿ ಆ ಬೀದಿಯಲ್ಲಿ ಸ್ಟೌವು ರಿಪೇರಿ ಬಾರದವರೇ ಉಳಿಯಲಿಲ್ಲ. ನನ್ನ ವ್ಯಾಪಾರಕ್ಕೆ ಅದರಿಂದ ಏನೂ ಒಳ್ಳೆಯದಾಗಲಿಲ್ಲ.

ಆದರೂ ಹೇಳಲೇಬೇಕು, ಅಜ್ಜಿಯ ಉಬ್ಬಸ ಇಳಿಯಿತು. ನಾನು ಮೊದಲು ಹೋದಾಗ ಅವರ ಉಸಿರಿನ ಸಿಳ್ಳು ನನಗೆ ಬೀದಿಗೆ ಕೇಳುತ್ತಿತ್ತು. ಆರು ತಿಂಗಳಲ್ಲಿ ಒಂದೇ ಉಸಿರಿನಲ್ಲಿ ನನ್ನನ್ನು ಬೈಯುವಷ್ಟು ಸುಧಾರಿಸಿದರು.

ಇನ್ನು ವಾಸರಿನ ವಿಷಯ. ಪಂಪಿನ ಕಡ್ಡಿಯ ತುದಿಯಲ್ಲಿ ಬಟ್ಟಲಿನಾಕಾರದ ಒಂದು ಪುಟ್ಟ ಬಿಲ್ಲೆ ಇರುತ್ತದೆ. ಗಾಳಿಯನ್ನು ಟ್ಯಾಂಕಿಗೆ ತಳ್ಳುವುದು ಅದೇ. ಅದು ಒಣಗಿದರೆ ಪಂಪು ಸುಮ್ಮನೆ ಮೇಲೆ ಕೆಳಗೆ ಆಡುತ್ತದೆ, ಒತ್ತಡ ಏರುವುದಿಲ್ಲ. ತಿಂಗಳಿಗೊಮ್ಮೆ ಹೊರಗೆ ತೆಗೆದು, ಕೊಬ್ಬರಿ ಎಣ್ಣೆ ಸವರಿ, ಬೆರಳಿನಿಂದ ಅಂಚನ್ನು ಅರಳಿಸಿ ಹಾಕಬೇಕು. ಮೊದಲ ಸಲ ಅದನ್ನು ಕೈಯಲ್ಲಿ ಹಿಡಿದು ಅಜ್ಜಿ ಕೇಳಿದರು.

"ಇದೇನಯ್ಯ, ಕಪ್ಪಗೆ?"

"ವಾಸರು ಅಮ್ಮಾವ್ರೆ."

"ವಾಸರು ಅಂದರೆ?"

"ವಾಸರು ಅಂದ್ರೆ ವಾಸರೇ. ಎಣ್ಣೆ ಆಕಿ."

ಅದು ತೊಗಲು. ದನದ ತೊಗಲು. ನನಗೆ ಗೊತ್ತಿತ್ತು, ಎಣ್ಣೆ ಕುಡಿದು ಕಪ್ಪಾಗಿದ್ದರಿಂದ ಅವರಿಗೆ ಗೊತ್ತಾಗಲಿಲ್ಲ. ಚಪ್ಪಲಿ ಮೆಟ್ಟಿದವರನ್ನು ಜಗಲಿ ಹತ್ತಿಸದ ಅಜ್ಜಿ ಎರಡು ವರ್ಷ ಮಡಿಯಲ್ಲಿ ಆ ತೊಗಲಿಗೆ ಎಣ್ಣೆ ಸವರಿದರು. ನಾನು ಬಾಯಿ ಮುಚ್ಚಿಕೊಂಡಿದ್ದೆ. ತೊಗಲೇ ಎಂದು ಕೇಳದವರಿಗೆ ತೊಗಲು ಎನ್ನದಿದ್ದರೆ ಸುಳ್ಳಾಗುವುದಿಲ್ಲ ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡಿದ್ದೆ. ಸಮಾಧಾನ ಪೂರ್ತಿ ಆಗುತ್ತಿರಲಿಲ್ಲ.

ಮೂರನೆಯ ವರ್ಷ ಆ ವಾಸರು ಸವೆದು ಹರಿಯಿತು. ಯುದ್ಧದ ದೆಸೆಯಿಂದ ಸೀಮೆಯ ಸಾಮಾನು ಬರುವುದು ನಿಂತಿತ್ತು. ಮದ್ದೂರಿನಲ್ಲಿಲ್ಲ, ಮಂಡ್ಯದಲ್ಲಿಲ್ಲ. ಬೇರೆಯವರ ಸ್ಟೌವಿಗಾದರೆ ಹಳೆಯ ಬೂಟಿನ ತೊಗಲು ಕತ್ತರಿಸಿ ಹಾಕಿಬಿಡುತ್ತಿದ್ದೆ. ಇಲ್ಲಿ ಮನಸ್ಸು ಬರಲಿಲ್ಲ. ತೊಗಲಿಲ್ಲದ ವಾಸರು ಮಾಡಿಯೇ ತೀರುತ್ತೇನೆಂದು ಹಟ ಹಿಡಿದೆ.

ಬೈಸಿಕಲ್ ಟ್ಯೂಬಿನ ರಬ್ಬರು ಕತ್ತರಿಸಿ ಕೊಟ್ಟೆ. ಎಣ್ಣೆ ಕುಡಿದು ಊದಿಕೊಂಡು ಪಂಪಿನೊಳಗೆ ಸಿಕ್ಕಿಹಾಕಿಕೊಂಡಿತು. ಅದನ್ನು ಕೀಳಲು ಅಜ್ಜಿ ಬಾಗಿಲಿಗೆ ಕಾಲು ಕೊಟ್ಟು ಎಳೆಯಬೇಕಾಯಿತು. ಉಣ್ಣೆಗೆ ಮೈಲಿಗೆಯಿಲ್ಲ ಎಂಬುದು ನನಗೆ ಗೊತ್ತಿತ್ತು, ಹಾಗಾಗಿ ಕಂಬಳಿಯ ತುಂಡು ಕೊಟ್ಟೆ. ಗಾಳಿಯೆಲ್ಲ ಅದರೊಳಗಿಂದಲೇ ನುಸುಳಿಹೋಯಿತು. ಕೊನೆಗೆ ನನ್ನ ಮದುವೆಯ ಕೆಂಪು ಕುಚ್ಚಿನ ಟೋಪಿ ನೆನಪಾಯಿತು. ಅದೂ ಉಣ್ಣೆಯೇ, ಒತ್ತಿ ಮಾಡಿದ ಗಟ್ಟಿ ಉಣ್ಣೆ. ನೆತ್ತಿಯ ಭಾಗವನ್ನು ಗುಂಡಗೆ ಕತ್ತರಿಸಿದೆ. ಅದು ಎರಡು ದಿನ ನಡೆಯಿತು, ಮೂರನೆಯ ದಿನ ನಾರು ನಾರಾಯಿತು. ನನ್ನ ಹೆಂಡತಿ ಟೋಪಿಯ ತೂತಿನಲ್ಲಿ ಕೈ ತೂರಿಸಿ, "ಇನ್ನೊಂದು ನಿಕಾ ಆಗೋ ಆಸೆ ಇಲ್ಲ ಅಂತ ಈಗ ನಂಬ್ತೀನಿ" ಎಂದಳು.

ಅಷ್ಟರಲ್ಲಿ ಅಜ್ಜಿ ಸೌದೆ ಒಲೆ ಹಚ್ಚಿಯಾಗಿತ್ತು. ಒಂದು ವಾರಕ್ಕೆ ಸಿಳ್ಳು ವಾಪಸ್ಸು ಬಂತು. ಮಾತಿನ ನಡುವೆ ಕಂಬ ಹಿಡಿದು ನಿಲ್ಲುತ್ತಿದ್ದರು. ಬೈಯಲೂ ಉಸಿರು ಸಾಲುತ್ತಿರಲಿಲ್ಲ. ಅದನ್ನು ನೋಡಿ ನನಗೆ ನಿಜವಾಗಿ ಹೆದರಿಕೆಯಾಯಿತು.

ನನ್ನ ಸ್ನೇಹಿತನೊಬ್ಬ ಜಟಕಾ ಹೊಡೆಯುತ್ತಿದ್ದ. ಕುದುರೆಯ ಹಳೆಯ ಪಟ್ಟಿಯಿಂದ ಒಂದು ತುಂಡು ತೊಗಲು ಕೊಯ್ದು ಕೊಟ್ಟು, "ಲೇ, ಇದ್ನ ಆಕ್ ಕೊಡ್ಲಾ. ಆಯಮ್ಮಂಗೇನು ಗೊತ್ತಾಯ್ತದೆ? ಜೀವ ಉಳುದ್ರೆ ಸಾಕು ಕಣ್ಲಾ" ಎಂದ. ಶನಿವಾರ ಬಂದ ಮೇಷ್ಟರೂ ಅದನ್ನೇ ಹೇಳಿದರು. "ತೊಗಲನ್ನೇ ಹಾಕಿ ಸಾಬರೇ. ಅಮ್ಮ ಕೇಳಿದರೆ ಏನಾದರೊಂದು ಹೇಳಿ." ಸರಿ, ಸೀಮೆ ರಬ್ಬರು ಎಂದು ಹೇಳುವುದೆಂದು ನಮ್ಮಿಬ್ಬರಲ್ಲಿ ಒಪ್ಪಂದವಾಯಿತು.

ಭಾನುವಾರ ಬೆಳಿಗ್ಗೆ ಹೊಸ ವಾಸರನ್ನು ಜಗಲಿಯ ಮೇಲಿಟ್ಟೆ. ಹೊಸ ತೊಗಲು, ಕೆಂಪಗಿತ್ತು. ಅಜ್ಜಿ ಅದನ್ನು ಎತ್ತಿಕೊಳ್ಳಲಿಲ್ಲ. ಬಗ್ಗಿ ನೋಡಿದರು, ಮೂಸಿದರು.

"ಏನಯ್ಯ, ಇದು ತೊಗಲೇ?"

ಹಿಂದೆ ನಿಂತಿದ್ದ ಮೇಷ್ಟರು ನನಗೆ ಕಣ್ಸನ್ನೆ ಮಾಡಿದರು. ಅಜ್ಜಿಯ ಎದೆಯ ಸಿಳ್ಳು ಕೇಳುತ್ತಿತ್ತು. ಆ ಸದ್ದಿಗಾಗಿಯೇ ಸುಳ್ಳು ಹೇಳಲು ಒಪ್ಪಿದ್ದೆ. ಆ ಸದ್ದು ಕೇಳುತ್ತಲೇ ಹೇಳಲಾಗಲಿಲ್ಲ.

"ತೊಗಲೇ ಕಣಮ್ಮ. ಇಷ್ಟ್ ದಿನ ಇದ್ದದ್ದೂ ತೊಗಲೇ. ಲೋಕದ್ ಸ್ಟೌವ್ನಾಗೆಲ್ಲಾ ಅದೇ ಇರಾದು. ಮೊದ್ಲೇ ಏಳ್ಬೇಕಿತ್ತು, ಏಳ್ಲಿಲ್ಲ. ತಪ್ಪಾಯ್ತು."

ಅಜ್ಜಿ ಎದ್ದು ಒಳಗೆ ಹೋದರು. ಹಿತ್ತಿಲಿನಲ್ಲಿ ಕೊಡಗಟ್ಟಲೆ ನೀರು ಸುರಿದುಕೊಳ್ಳುವ ಸದ್ದು ಬಂತು.

"ಎಂಥ ಕೆಲಸ ಮಾಡಿದಿರಿ ಸಾಬರೇ! ಇನ್ನು ಅಮ್ಮ ಆ ಸ್ಟೌವು ಮುಟ್ಟಲ್ಲ" ಎಂದರು ಮೇಷ್ಟರು.

ನನಗೂ ಕೋಪ ಬಂತು. "ಇಸ್ಕೂಲ್ನಾಗೆ ಸುಳ್ ಏಳುದ್ರೆ ಮಕ್ಕಳ ಅಂಗೈ ಮ್ಯಾಲೆ ಒಡೀತೀರಲ್ಲ ಸ್ವಾಮಿ, ಇಲ್ಲಿ ನೀವೇ ಏಳ್ಕೊಡ್ತೀರಾ?" ಎಂದೆ. ಎದ್ದು ಹೋಗಬೇಕೆಂದುಕೊಂಡೆ, ಕಾಲು ಬರಲಿಲ್ಲ. ಅಜ್ಜಿಯನ್ನು ಕೊಂದೆನೇನೋ ಎಂದುಕೊಳ್ಳುತ್ತ ಮೆಟ್ಟಿಲ ಮೇಲೇ ಕೂತಿದ್ದೆ.

ಅಜ್ಜಿ ಒದ್ದೆ ಸೀರೆಯಲ್ಲೇ ಬಂದರು. ಕೈಯಲ್ಲಿ ಸುರುಳಿ ಸುತ್ತಿದ್ದ ಏನೋ ಇತ್ತು. ಜಗಲಿಯ ಮೇಲೆ ಅದನ್ನು ಬಿಚ್ಚಿ ಹಾಸಿದರು. ಜಿಂಕೆಯ ಚರ್ಮ.

"ನಮ್ಮ ಯಜಮಾನರು ಇದರ ಮೇಲೆ ಕೂತು ಮೂವತ್ತು ವರ್ಷ ಜಪ ಮಾಡಿದರು. ಇದಕ್ಕೆ ಮೈಲಿಗೆ ಇಲ್ಲ. ಇದು ಆಗುತ್ತೋ ನೋಡು."

ಮೇಷ್ಟರ ಬಾಯಿ ತೆರೆದದ್ದು ಮುಚ್ಚಲಿಲ್ಲ. "ಅಮ್ಮಾ, ಅವರು ಅದನ್ನ ಮುಟ್ಟಿದರೆ..." ಎಂದರು.

"ಆ ಜಿಂಕೆಯನ್ನ ಸುಲಿದವನು ಯಾವ ಅಗ್ರಹಾರದವನೋ?" ಎಂದರು ಅಜ್ಜಿ, ನಡುನಡುವೆ ಉಸಿರೆಳೆದುಕೊಂಡು. "ನೋಡಯ್ಯ ನೀನು."

ನಾನು ಕೈಯನ್ನು ಅಂಗಿಗೆ ಒರೆಸಿಕೊಂಡು ಚರ್ಮ ಹಿಡಿದು ನೋಡಿದೆ. ಅಂಚೆಲ್ಲ ತೆಳು, ಕೂದಲು ಬೇರೆ. ಮೂಲೆಯಲ್ಲಿ ಒಂದು ಚೂರು ಸಾಕು ಎಂದು ಅಜ್ಜಿ ಬೆರಳಿಟ್ಟು ತೋರಿಸಿದರು. ಅಲ್ಲಿ ಬೆರಳಿನಿಂದ ಎಳೆದರೇ ಹರಿಯುವಂತಿತ್ತು. ಗಟ್ಟಿಯಾಗಿದ್ದದ್ದು ನಟ್ಟನಡುವೆ ಮಾತ್ರ. ಮೂವತ್ತು ವರ್ಷ ಒಬ್ಬ ಮನುಷ್ಯ ಕೂತು ಕೂತು ಕೂದಲೆಲ್ಲ ಉದುರಿ, ಚರ್ಮ ಒತ್ತಿಕೊಂಡು ನುಣ್ಣಗಾಗಿತ್ತು. ವಾಸರಿಗೆ ಅದಕ್ಕಿಂತ ಒಳ್ಳೆಯ ತೊಗಲನ್ನು ನಾನು ಆಮೇಲೂ ಕಂಡಿಲ್ಲ. ಆದರೆ ಅದನ್ನು ಬಾಯಿಬಿಟ್ಟು ಹೇಳುವುದು ಹೇಗೆ?

"ಅಂಚು ಆಗಾಕಿಲ್ಲ ಅಮ್ಮಾವ್ರೆ. ನಡೂ ಭಾಗ ಮಾತ್ರ ಆಯ್ತದೆ. ಅವ್ರು ಕೂತ್ಕೊತಿದ್ದ ಜಾಗ."

ಅಜ್ಜಿ ಆ ನುಣ್ಣನೆಯ ಜಾಗದ ಮೇಲೆ ಅಂಗೈ ಇಟ್ಟರು. ತುಂಬ ಹೊತ್ತು ತೆಗೆಯಲಿಲ್ಲ.

"ಕತ್ತರಿಸು" ಎಂದರು ಅಜ್ಜಿ. "ಐವತ್ತು ವರ್ಷ ಆ ಹೊಗೆಯಲ್ಲಿ ನಾನು ಊದುಕೊಳವೆ ಊದಿದೆ. ಇವರು ಇದ್ದಷ್ಟು ದಿನ ಒಮ್ಮೆಯೂ ಬಂದು ಒಲೆ ಹತ್ತಿರ ಕೂತವರಲ್ಲ. ಈಗಾದರೂ ಬಂದು ಗಾಳಿ ಹಾಕಲಿ."

ಹರಿದ ಹಳೆಯ ವಾಸರನ್ನು ಅಳತೆಗಿಟ್ಟು ಕತ್ತರಿಸಿದೆ. ಅವರ ಮನೆಯ ಕೊಬ್ಬರಿ ಎಣ್ಣೆಯಲ್ಲೇ ನೆನೆಸಿ, ಬಟ್ಟಲಿನಾಕಾರಕ್ಕೆ ತಿದ್ದಿ, ಮಾರನೆಯ ಬೆಳಿಗ್ಗೆ ತಂದುಕೊಟ್ಟೆ. ಅಜ್ಜಿ ತಾವೇ ಕಡ್ಡಿಗೆ ಸಿಕ್ಕಿಸಿ, ತಿರುಪು ಬಿಗಿದು, ಸ್ಪಿರಿಟ್ಟು ಹಚ್ಚಿ, ಎಂದೂ ಇಲ್ಲದ ತಾಳ್ಮೆಯಿಂದ ಕಾದು ಪಂಪು ಒತ್ತಿದರು. ಹತ್ತು ಸಲ ಒತ್ತುವುದರೊಳಗೆ ಸ್ಟೌವು ನೀಲಿಯಾಗಿ ಉರಿಯಿತು.

ಅದಾದ ಮೇಲೆ ಅವರು ನನ್ನನ್ನು ಕರೆಸಿದ್ದೇ ಕಡಿಮೆ. ನಾನೇ ಒಂದು ದಿನ ಆ ಬೀದಿಯಲ್ಲಿ ಹೋಗುತ್ತಿದ್ದಾಗ ಮನಸ್ಸು ತಡೆಯದೆ ಮೆಟ್ಟಿಲ ಹತ್ತಿರ ನಿಂತೆ. ಉಸಿರಿನ ಸಿಳ್ಳು ಕೇಳಲಿಲ್ಲ. ಪಂಪಿನ ಸದ್ದು ಕೇಳಿತು, ಆಮೇಲೆ ಅಜ್ಜಿಯ ದನಿ. ಸ್ಟೌವಿನ ಜೊತೆ ಮಾತಾಡುತ್ತಿದ್ದರು.

"ಏನೂಂದ್ರೆ, ಸಾರು ಇನ್ನೂ ಕುದಿಯಬೇಕು. ಇನ್ನೊಂದು ನಾಲ್ಕು ಸಲ ಗಾಳಿ ಹಾಕಿ. ಅಷ್ಟಕ್ಕೇ ಸುಸ್ತೇ?"