ಅಬ್‌ಸ್ಟಾಟ್‌ನ ಡೋಜ್

ಬಸವಪ್ರಸಾದನಿಗೆ ಸಂಶಯಪಡುವುದಕ್ಕೇ ಸಂಬಳ. ಕಾರಿನ ಬ್ರೇಕು ಯಾವಾಗ, ಹೇಗೆ ಕೈಕೊಟ್ಟೀತು ಎಂದು ಹುಡುಕುವ ತಂಡಕ್ಕೆ, ಜರ್ಮನಿಯ ಅಬ್‌ಸ್ಟಾಟ್ ಎಂಬ ಊರಿನ ಕಂಪನಿಯಲ್ಲಿ, ಅವನೇ ಮುಖ್ಯಸ್ಥ. ಆ ಗುಣವನ್ನು ಆಫೀಸಿನಲ್ಲೇ ಬಿಟ್ಟು ಬಂದಿದ್ದರೆ ಯಾರ ತಕರಾರೂ ಇರುತ್ತಿರಲಿಲ್ಲ. ಪಕ್ಕದ ಮನೆಯ ಮುದುಕಿ ನಗುತ್ತ ಗುಟನ್ ಮೊರ್ಗನ್ ಅಂದರೆ, ಕಸದ ಡಬ್ಬಿಯ ಬಗ್ಗೆ ದೂರು ಕೊಟ್ಟು ಬಂದಿರಬೇಕು ಎನ್ನುವನು. ಹೆಂಡತಿ ಮಧುಮತಿ ಹಬ್ಬವಿಲ್ಲದ ದಿನ ಗೋದಿ ಹುಗ್ಗಿ ಮಾಡಿದರೆ, ಯಾರು ಬರುವವರಿದ್ದಾರೆ ಎಂದು ಕೇಳುವನು. ಊರಲ್ಲಿದ್ದಾಗ ಹೀಗಿರಲಿಲ್ಲ, ಇಲ್ಲಿಗೆ ಬಂದು ಹೀಗಾದ ಎಂದು ಅವಳು ಹೇಳುವುದುಂಟು. ಆ ಮಾತನ್ನು ಪೂರ್ತಿ ನಂಬಬೇಕಾಗಿಲ್ಲ.

ಅಂಥವನಿಗೂ ಈ ದೇಶದಲ್ಲಿ ಒಬ್ಬ ಗೆಳೆಯನಿದ್ದ, ಮಹೇಶಕುಮಾರ. ಬಾಗಲಕೋಟೆಯ ಹಾಸ್ಟೆಲಿನಲ್ಲಿ ಇಬ್ಬರದೂ ಒಂದೇ ಕೋಣೆ. ಬಸವಪ್ರಸಾದ ಜರ್ಮನಿಗೆ ಬಂದಿಳಿದಾಗ, ಮನೆಯಿಲ್ಲದೆ ಆನ್‌ಮೆಲ್ಡುಂಗ್, ಅಂದರೆ ವಿಳಾಸದ ಸರಕಾರಿ ನೋಂದಣಿ, ಆಗದು, ಆನ್‌ಮೆಲ್ಡುಂಗ್ ಇಲ್ಲದವನಿಗೆ ಯಾರೂ ಮನೆ ಕೊಡರು ಎಂಬ ಸುಳಿಯಲ್ಲಿ ಸಿಕ್ಕಿಕೊಂಡ. ಆಗ ತನ್ನ ವಿಳಾಸದಲ್ಲಿ ಅವನ ಹೆಸರು ಬರೆಸಿ, ಚಳಿಗಾಲವಿಡೀ ತನ್ನ ಮನೆಯ ಹಾಲ್‌ನಲ್ಲಿ ಮಲಗಿಸಿಕೊಂಡವನು ಮಹೇಶ. ಸುತ್ತಮುತ್ತಲ ಮಂದಿಯನ್ನೆಲ್ಲ ಸಂಶಯಿಸಿ ದೂರವಿಟ್ಟ ಬಸವಪ್ರಸಾದನಿಗೆ ಕಷ್ಟಸುಖಕ್ಕೆ ಅಂತ ಉಳಿದವನು ಇವನೊಬ್ಬನೇ.

ತೊಂದರೆಯೆಂದರೆ, ಆ ಕಡೆಯ ಕನ್ನಡ ಬಳಗಕ್ಕೂ ಮಹೇಶನೇ ಅಧ್ಯಕ್ಷ. ಪ್ರತಿ ಯುಗಾದಿಯ ಊಟ ಮುಗಿದು ಎಲ್ಲರ ಕಣ್ಣೂ ಎಳೆಯುತ್ತಿರುವಾಗ ಯಾರಾದರೂ ಎದ್ದು, ಮಹೇಶಣ್ಣನೇ ಮುಂದುವರಿಯಲಿ ಎನ್ನುವರು. ಉಳಿದವರು ಕೂತಲ್ಲೇ ಚಪ್ಪಾಳೆ ತಟ್ಟುವರು. ಅವಿರೋಧ ಆಯ್ಕೆ. ಬೇರೆಯವರಿಗೆ ಇದರಲ್ಲಿ ಸೋಮಾರಿತನ ಕಂಡರೆ, ಬಸವಪ್ರಸಾದನಿಗೆ ಸಂಚು ಕಂಡಿತು. ಹೋಳಿಗೆ ಹೊಟ್ಟೆಗಿಳಿದ ಮೇಲೆಯೇ ಚುನಾವಣೆ ಯಾಕೆ? ಎದ್ದು ನಿಲ್ಲುವವನಿಗೆ ಮೊದಲೇ ಹೇಳಿಟ್ಟವರು ಯಾರು? ಮಹೇಶನ ಮಗಳು ಭೂಮಿಕಾಳ ನೃತ್ಯ ಯಾವಾಗಲೂ ಊಟಕ್ಕೆ ಮುಂಚೆ, ಮಿಕ್ಕ ಮಕ್ಕಳದು ಊಟದ ನಂತರ, ಇದೆಂಥ ನ್ಯಾಯ?

ಹೀಗಿರುವಾಗ ಬಳಗದವರು ಬಸ್ಸು ಮಾಡಿಕೊಂಡು ವೆನಿಸ್‌ಗೆ ಹೋದರು. ಮಂದಿಯೆಲ್ಲ ದೋಣಿಯ ಮುಂದೆ ನಿಂತು ಫೋಟೋ ತೆಗೆಸಿಕೊಳ್ಳುತ್ತಿದ್ದರೆ, ಬಸವಪ್ರಸಾದ ಹಳೆಯ ಅರಮನೆಯೊಳಗೆ ಗೈಡಿನ ಬೆನ್ನು ಬಿಡಲಿಲ್ಲ. ಹಡಗಿನ ವ್ಯಾಪಾರದ ಮೇಲೆ ಬದುಕಿದ ಆ ಗಣರಾಜ್ಯಕ್ಕೆ ರಾಜನಿರಲಿಲ್ಲ, ಆರಿಸಿ ತಂದ ಡೋಜ್ ಎಂಬ ಅಧಿಪತಿ ಇದ್ದ. ಆರಿಸುವಾಗ ಯಾರೂ ಒಳಗೊಳಗೇ ಮಾತಾಡಿಕೊಳ್ಳಬಾರದೆಂದು ಒಮ್ಮೆ ಚೀಟಿ ಎತ್ತುವುದು, ಒಮ್ಮೆ ವೋಟು, ಮತ್ತೆ ಚೀಟಿ, ಮತ್ತೆ ವೋಟು. ಗದ್ದುಗೆ ಏರಿದ ಮೇಲೆ ಅವನು ಪರದೇಶದ ಪತ್ರವನ್ನು ಒಬ್ಬನೇ ಒಡೆಯುವಂತಿಲ್ಲ, ಪರದೇಶದ ದೂತನನ್ನು ಒಬ್ಬನೇ ಕಾಣುವಂತಿಲ್ಲ, ಪಕ್ಕದಲ್ಲಿ ಸಲಹೆಗಾರರು ಇರಲೇಬೇಕು. ಸತ್ತ ಮೇಲೂ ಬಿಡುತ್ತಿರಲಿಲ್ಲ, ಆಳಿದ್ದು ಸರಿಯೋ ತಪ್ಪೋ ಎಂದು ವಿಚಾರಣೆ. ಬಸವಪ್ರಸಾದನಿಗೆ ತನ್ನಂಥವರೇ ಕೂಡಿ ಕಟ್ಟಿದ ಊರಿಗೆ ಬಂದಷ್ಟು ಖುಷಿಯಾಯಿತು.

ಮುಂದಿನ ಯುಗಾದಿಗೆ ಅವನು ಆ ನಿಯಮಗಳನ್ನೇ ಬಳಗಕ್ಕೆ ಹೊಂದಿಸಿ ಬರೆದು ಸಭೆಯಲ್ಲಿ ಓದಿದ. ಸದಸ್ಯರು ಯಾರೇ ಆಗಲಿ ಅಧ್ಯಕ್ಷನನ್ನು ಒಬ್ಬೊಬ್ಬರೇ ಕಂಡು ಮಾತಾಡುವಂತಿಲ್ಲ, ಇಬ್ಬರು ಸಲಹೆಗಾರರ ಎದುರಿಗೇ ಮಾತಾಗಬೇಕು ಎಂಬುದು ಅದರಲ್ಲಿ ಮುಖ್ಯ. ಮೊದಲು ಕೈಯೆತ್ತಿ ಒಪ್ಪಿದವನು ಮಹೇಶ. ಇವನ್ಯಾಕೆ ಇಷ್ಟು ಸಲೀಸಾಗಿ ಒಪ್ಪಿದ ಎಂದು ಬಸವಪ್ರಸಾದನಿಗೆ ಅದರ ಮೇಲೂ ಸಂಶಯ ಬಂತು. ಸ್ಟೀಲ್ ಡಬ್ಬಿಯಲ್ಲಿ ಚೀಟಿ ಹಾಕಿ, ಎತ್ತಿ, ವೋಟು ಮಾಡಿ, ಮತ್ತೆ ಎತ್ತಿ, ಮಕ್ಕಳು ಹಸಿದು ರಂಪ ಮಾಡುವ ಹೊತ್ತಿಗೆ ಒಂದು ಹೆಸರು ಉಳಿಯಿತು. ಬಸವಪ್ರಸಾದನದೇ. ಇದರಲ್ಲಿ ಯಾರದೋ ಕೈವಾಡವಿದೆ ಎಂದು ಆ ಸಭೆಯಲ್ಲಿ ಅಂದುಕೊಂಡವನು ಅವನೊಬ್ಬನೇ.

ಅವನು ಆಳಿದ್ದು ಮಾತ್ರ ನಿಯಮದಂತೆಯೇ. ಸಲಹೆಗಾರರಲ್ಲಿ ಒಬ್ಬ ಪಕ್ಕದ ಬೀದಿಯ ರಾಜಣ್ಣ. ಇನ್ನೊಬ್ಬಳು ಇಲ್ಲಿಂದ ದೂರದ ಎಷ್‌ಬಾರ್ನ್ ಊರಿಗೆ ವರ್ಗವಾಗಿ ಹೋಗಿದ್ದ ಮೈಸೂರಿನ ರಚನಾ. ಅವಳು ವಿಡಿಯೋ ಕಾಲಿನಲ್ಲಿ ಬರುತ್ತಿದ್ದಳು. ರಾಜ್ಯೋತ್ಸವಕ್ಕೆ ಪಲಾವೋ ಚಿತ್ರಾನ್ನವೋ ಎಂಬ ವಿಷಯಕ್ಕೂ ಬಾಗಿಲಲ್ಲಿ ನಿಂತವರನ್ನು ಕಾಯಿಸಿ ಇಬ್ಬರನ್ನೂ ಕೂಡಿಸುತ್ತಿದ್ದ. ಜನ ಹಲ್ಲು ಕಿರಿದರು, ಆಮೇಲೆ ಬರುವುದನ್ನೇ ಬಿಟ್ಟರು. ತನ್ನ ಆಡಳಿತದಲ್ಲಿ ಚಾಡಿಕೋರರಿಗೆ ಜಾಗವಿಲ್ಲ ಎಂದು ಅವನು ಬೀಗಿದ.

ಜನವರಿಯ ಒಂದು ಸಂಜೆ ಮಹೇಶ ಫೋನೂ ಮಾಡದೆ ಬಂದು ನಿಂತ. ಕೈಯಲ್ಲಿ ಆಫೀಸಿನ ಚೀಲ ಹಾಗೇ ಇತ್ತು.

"ಪ್ರಸಾದ, ನಿನ್ನ ಕೂಡ ಸ್ವಲ್ಪ ಮಾತಾಡೂದಿತ್ತು. ಹೊರಗ ಅಡ್ಡಾಡಿ ಬರೂಣೇನು?"

ಬಸವಪ್ರಸಾದನ ಕಿವಿ ನೆಟ್ಟಗಾಯಿತು. ಯುಗಾದಿ ಹತ್ತಿರ ಬರುತ್ತಿದೆ. ಕುರ್ಚಿ ಕಳೆದುಕೊಂಡವನು ಕತ್ತಲಲ್ಲಿ ಅಡ್ಡಾಡಲು ಕರೆಯುವುದು ಬೆಣ್ಣೆ ಹಚ್ಚುವುದಕ್ಕಲ್ಲದೆ ಇನ್ಯಾತಕ್ಕೆ?

"ರೂಲ್ ಅಂದ್ರ ರೂಲ್," ಎಂದ. "ಇಬ್ಬರನ್ನ ಕರೀತೀನಿ, ಅವರ ಮುಂದ ಹೇಳು."

ರಾಜಣ್ಣ ಚಪ್ಪಲಿಯಲ್ಲೇ ಓಡಿ ಬಂದ. ಶೇಂಗಾ ಹಿಂಡಿಯ ಡಬ್ಬಿಗೆ ಆನಿಸಿಟ್ಟ ಫೋನಿನಲ್ಲಿ ರಚನಾ ಕಾಣಿಸಿಕೊಂಡಳು, ಎಸ್-ಬಾನ್ ರೈಲಿನಲ್ಲಿ ನಿಂತುಕೊಂಡೇ. ಮಹೇಶ ಒಮ್ಮೆ ರಾಜಣ್ಣನನ್ನು, ಒಮ್ಮೆ ಫೋನನ್ನು ನೋಡಿದ. ಚಹ ಕುಡಿದ. ಈ ಸಲ ಹಿಮ ಜಾಸ್ತಿ, ಟೈರು ಬದಲಿಸಿದಿರೇನು ಎಂದು ಕೇಳಿದ. ಎದ್ದು ಹೋದ. ಒಳ್ಳೆಯ ವಿಷಯವಾಗಿದ್ದರೆ ನಾಲ್ಕು ಜನರ ಮುಂದೆ ಹೇಳಲು ಏನು ಅಡ್ಡಿಯಿತ್ತು ಎಂದು ಬಸವಪ್ರಸಾದ ಹೆಂಡತಿಗೆ ವಿವರಿಸಿದ. ಮಧುಮತಿ ಮುಖ ಸಣ್ಣದು ಮಾಡಿಕೊಂಡು ಕಪ್ಪು ತೊಳೆದಳು.

ಮಾರ್ಚಿನಲ್ಲಿ ಬಳಗದ ವಾಟ್ಸಾಪಿಗೆ ಮಹೇಶನ ಮನೆಯ ಸಾಮಾನಿನ ಫೋಟೋಗಳು ಬಂದವು, ಬೇಕಾದವರು ಒಯ್ಯಬಹುದು ಎಂದು. ಸೋಫಾ, ಊಟದ ಟೇಬಲ್. ದೊಡ್ಡ ಮನೆಗೆ ಹೋಗುತ್ತಿರಬೇಕು, ಹಾಗಾದರೆ ನಮ್ಮಿಂದ ಯಾಕೆ ಮುಚ್ಚಿಟ್ಟ ಎಂದು ಬಸವಪ್ರಸಾದ ಒಂದೊಂದೇ ಫೋಟೋ ತಳ್ಳುತ್ತ ಹೋದ. ಕೊನೆಯದು ರೊಟ್ಟಿ ಹಂಚು. ಅದನ್ನು ಹೆಂಡತಿಗೆ ತೋರಿಸಿದ. ಈ ದೇಶದಲ್ಲಿ ಉಳಿಯುವವರು ಯಾರೂ ರೊಟ್ಟಿ ಹಂಚು ಬಿಟ್ಟುಕೊಡುವುದಿಲ್ಲ.

ಮಧುಮತಿ ಮಹೇಶನ ಹೆಂಡತಿಗೆ ಫೋನು ಮಾಡಿ ಕೇಳಿದಳು. ಮಹೇಶನಿದ್ದ ಸಣ್ಣ ಕಂಪನಿ ಅವನ ವಿಭಾಗವನ್ನೇ ಮುಚ್ಚಿತ್ತು. ಬೇರೆ ಕೆಲಸ ಸಿಗದೆ ಹುಬ್ಬಳ್ಳಿಗೆ ವಾಪಸು ಹೊರಟಿದ್ದರು. ಜನವರಿಯಲ್ಲಿ ಕೆಲಸ ಹೋದ ದಿನ ಆಫೀಸಿನಿಂದ ಹೊರಟವನು ಮನೆಗೂ ಬಾರದೆ, ಹೆಂಡತಿಗೂ ಹೇಳದೆ, ನೇರ ಬಸವಪ್ರಸಾದನಲ್ಲಿಗೆ ಹೋಗಿದ್ದ. ಆ ತಿಂಗಳು ಬಸವಪ್ರಸಾದನ ತಂಡದಲ್ಲಿ ಒಂದು ಜಾಗ ಖಾಲಿಯಿತ್ತು. ಫೆಬ್ರವರಿಯಲ್ಲಿ ಬೇರೆಯವನನ್ನು ತೆಗೆದುಕೊಂಡಾಗಿತ್ತು.

ಬಸವಪ್ರಸಾದನಿಗೆ ನಾಚಿಕೆಯಿಂದ ನೆಲ ಬಿರಿಯಬಾರದೇ ಅನ್ನಿಸಿತು. ಕೋಟು ಹಾಕಿಕೊಳ್ಳುವುದನ್ನೂ ಮರೆತು ಮಹೇಶನ ಮನೆಗೆ ಕಾರು ಓಡಿಸಿದ.

ಬಾಗಿಲು ತೆರೆದವನು ಮಹೇಶನೇ. ಹಾಲ್ ತುಂಬ ರಟ್ಟಿನ ಪೆಟ್ಟಿಗೆಗಳು. ದಾರಿಯಲ್ಲಿ ಜೋಡಿಸಿಕೊಂಡು ಬಂದ ಮಾತನ್ನೆಲ್ಲ ಬಿಟ್ಟು ಬಸವಪ್ರಸಾದ, ನಿನ್ನೊಬ್ಬನ ಕೂಡ ಮಾತಾಡಬೇಕು ಎಂದಷ್ಟೇ ಅಂದ.

ಮಹೇಶ ಸಿಟ್ಟಾಗಲಿಲ್ಲ. ಉಳಿದಿದ್ದ ಒಂದೇ ಕುರ್ಚಿಯನ್ನು ಅವನಿಗೆ ಕೊಟ್ಟ. ಆಮೇಲೆ ಹೆಂಡತಿಯನ್ನೂ ಮಗಳನ್ನೂ ಕರೆದು ಎದುರಿಗೆ ಪೆಟ್ಟಿಗೆಗಳ ಮೇಲೆ ಕೂಡಿಸಿದ. ಭೂಮಿಕಾ ಹೆಡ್‌ಫೋನ್ ತೆಗೆದು, ಯಾಕೆ ಎಂದು ಜರ್ಮನ್‌ನಲ್ಲಿ ಕೇಳಿದಳು.

"ಅಧ್ಯಕ್ಷರು ಬಂದಾರವಾ," ಅಂದ ಮಹೇಶ. "ಅವರು ಒಬ್ಬರ ಕೂಡ ಮಾತಾಡಂಗಿಲ್ಲ."

ಬಸವಪ್ರಸಾದನ ಕಡೆ ತಿರುಗಿದ.

"ಹೇಳ್ರಿ."