ಪಾಡಿಗೆ ನಾನು ಬರೆದ ಅರ್ಥ

ಚೆನ್ನೈ ಪಕ್ಕದ ಎಣ್ಣೂರಿನ ಹಿನ್ನೀರಿನ ದಡವನ್ನು ಸರ್ಕಾರ ಒಂದು ರಸ್ತೆಗಾಗಿ ವಶಪಡಿಸಿಕೊಳ್ಳಲು ಹೊರಟಿತ್ತು. ಅದರ ವಿರುದ್ಧ ಹೈಕೋರ್ಟಿನಲ್ಲಿ ಸಾರ್ವಜನಿಕ ಹಿತಾಸಕ್ತಿ ಅರ್ಜಿ ಬಿತ್ತು. ಅರ್ಜಿದಾರರ ವಕೀಲೆ ನನ್ನ ಅಣ್ಣನ ಮಗಳು. ಮೀನುಗಾರರು ತಮಿಳಿನಲ್ಲಿ ಹೇಳಿದ್ದನ್ನು ಇಂಗ್ಲಿಷಿನಲ್ಲಿ ಅಫಿಡವಿಟ್ ಮಾಡುವ ಕೆಲಸ, ನಿವೃತ್ತನಾಗಿ ಮನೆಯಲ್ಲಿ ಕೂತಿದ್ದ ನನಗೆ ಅಂಟಿಕೊಂಡಿತು. ಮೂವತ್ತು ವರ್ಷ ರೈಲ್ವೆ ಕಚೇರಿಯಲ್ಲಿ ತಮಿಳಿನಲ್ಲೇ ಜಗಳವಾಡಿದವನು ನಾನು. ನನಗೆ ತಮಿಳು ಕಲಿಸಲು ಯಾರೂ ಬರಬೇಕಿಲ್ಲ ಎಂಬ ಜಂಬ ಬೇರೆ.

ನಮ್ಮ ಮನೆಯಿರುವ ಪುರಸೈವಾಕ್ಕಂನಿಂದ ಅಲ್ಲಿಗೆ ಎರಡು ಬಸ್ಸು ಬದಲಾಯಿಸಬೇಕು. ಕಾರ್ಖಾನೆಗಳ ಮಣಲಿ ದಾಟುವಷ್ಟರಲ್ಲಿ ಹೊಗೆಗೆ ಗಂಟಲು ಕೆರೆಯುತ್ತಿತ್ತು. ದಡದ ಊರಿನ ಹಿರಿಯ ಮೀನುಗಾರರೊಬ್ಬರು ಬಲೆಯ ಸಿಕ್ಕು ಬಿಡಿಸುತ್ತಲೇ ಮಾತಾಡಿದರು. "ರೋಡು ವಂದಾ ಎಂಗ ಪಾಡು ಕೆಟ್ಟುಡುಂ ಸಾರ್."

ನಮ್ಮ ಪಾಡು ಕೆಡುತ್ತದೆ. "ನನ್ನ ಪಾಡು ಯಾರಿಗೆ ಬೇಕು" ಎಂದು ಮನೆಯಲ್ಲಿ ದಿನಕ್ಕೆ ನಾಲ್ಕು ಸಲ ಕೇಳುವ ಕಿವಿ ನನ್ನದು. ಎರಡನೇ ಯೋಚನೆಯೇ ಬರಲಿಲ್ಲ. ರಸ್ತೆ ಬಂದರೆ ಇವರ ಸ್ಥಿತಿ ಹದಗೆಡುತ್ತದೆ, ಕಷ್ಟಕ್ಕೆ ಬೀಳುತ್ತಾರೆ ಎಂದು ಇಂಗ್ಲಿಷಿನಲ್ಲಿ ಬರೆದೆ. ಸಹಿ ಹಾಕಿಸುವ ಮೊದಲು ಎಲ್ಲವನ್ನೂ ತಮಿಳಿನಲ್ಲಿ ಓದಿ ಹೇಳಬೇಕೆಂಬ ನಿಯಮವಿದೆ. ಓದಿ ಹೇಳಿದೆ. ಆ ಜಾಗ ಬಂದಾಗ ನನ್ನ ಬಾಯಿಗೆ ಬಂದದ್ದು ಅವರದೇ ಪದ, ಪಾಡು. ಅವರು ತಲೆಯಾಡಿಸಿ ಸಹಿ ಹಾಕಿದರು. ಓದಿ ವಿವರಿಸಿದ್ದೇನೆಂದು ಕೆಳಗೆ ನಾನೂ ಸಹಿ ಹಾಕಿದೆ.

ಆಮೇಲೆ ಶುರುವಾಯಿತು ಓಡಾಟ. ಒಂದು ಸಲ ಸರ್ಕಾರಿ ವಕೀಲರು ಬರಲಿಲ್ಲ, ಇನ್ನೊಂದು ಸಲ ನಮ್ಮ ಸರದಿ ಬರುವ ಮೊದಲೇ ಕೋರ್ಟು ಎದ್ದಿತು. ಹಿರಿಯರು ಪ್ರತಿ ಸಲವೂ ಒಗೆದ ಬಿಳಿ ಅಂಗಿ ತೊಟ್ಟು ಬರುತ್ತಿದ್ದರು. ನನಗಂತೂ ಕರಿ ಕೋಟು ಕಂಡರೆ ಸಾಕಪ್ಪಾ ಎನಿಸುತ್ತಿತ್ತು.

ಕೊನೆಗೆ, ವಿಚಾರಣೆಯಿಲ್ಲದೆ ಹಿರಿಯರೂ ಬಂದಿರದ ಒಂದು ದಿನ, ಸರ್ಕಾರದ ಉತ್ತರ ಬಂತು. ದಡದ ಮೇಲೆ ಹಕ್ಕಿದೆಯೆಂದು ಈ ಜನ ಎಲ್ಲೂ ಹೇಳಿಲ್ಲ, ಕಷ್ಟವಾಗುತ್ತದೆ ಎಂದಷ್ಟೇ ಹೇಳಿದ್ದಾರೆ, ಕಷ್ಟಕ್ಕೆ ಪರಿಹಾರ ಕೊಡಬಹುದು ಎಂದಿತ್ತು. ಅಣ್ಣನ ಮಗಳು ನನ್ನನ್ನು ವರಾಂಡಕ್ಕೆ ಕರೆದಳು.

"ಚಿತ್ತಪ್ಪಾ, ಅವರು ತಮಿಳಲ್ಲಿ ಏನ್ ವರ್ಡ್ ಹೇಳಿದ್ರು?"

"ಪಾಡು ಅಂದ್ರು ಕಣೇ."

ಅವಳು ಅಲ್ಲಿಂದಲೇ ಊರಿಗೆ ಫೋನು ಮಾಡಿ ಕೇಳಿದಳು. ಫೋನು ಇಟ್ಟವಳು ನನ್ನ ಮುಖ ನೋಡದೆ ಹೇಳಿದಳು, "ಪಾಡು ಅಂದ್ರೆ ಅವರ ಫಿಷಿಂಗ್ ಟರ್ನ್. ನಮ್ ಕೇಸೇ ಅದು, ಚಿತ್ತಪ್ಪಾ."

ಹಿನ್ನೀರಿನಲ್ಲಿ ಯಾವ ದಿನ, ಯಾವ ಜಾಗದಲ್ಲಿ, ಯಾವ ಮನೆಯವರು ಬಲೆ ಬಿಡಬೇಕೆಂದು ಊರೇ ಕೂತು ಕಟ್ಟಿಕೊಂಡ ಸರದಿ ಅದು. ತಾತಂದಿರಿಂದ ಬಂದ ಹಕ್ಕು. ಅದನ್ನು ನಾನು ಗೋಳು ಮಾಡಿಟ್ಟಿದ್ದೆ.

ತಿದ್ದಿದ ಅಫಿಡವಿಟ್ ಹಾಕಿದೆವು. ಆಮೇಲೆ ಹೊಳೆದ ಮಾತು ಎಂದು ನ್ಯಾಯಾಧೀಶರು ಅದನ್ನು ಬದಿಗಿಟ್ಟರು. ರಸ್ತೆಗೆ ತಡೆಯಿಲ್ಲ, ಇವರ ಕಷ್ಟವನ್ನು ಸಹಾನುಭೂತಿಯಿಂದ ಪರಿಗಣಿಸಿ ಎಂದು ಆದೇಶವಾಯಿತು.

ಹಿರಿಯರು ಬೆಂಚಿನ ಮೇಲೆ ಕಾದಿದ್ದರು. ಆದೇಶವನ್ನು ತಮಿಳಿನಲ್ಲಿ ಹೇಳಿದೆ. ನನ್ನ ತಪ್ಪನ್ನೂ ಹೇಳಿದೆ, ಒಂದನ್ನೂ ಮುಚ್ಚಿಡಲಿಲ್ಲ. ಬೈಯಲಿ ಎಂದು ಕಾದೆ. ಬೈಯಲಿಲ್ಲ. ನಾನು ಹೇಳಿದ್ದು ಅವರಿಗೆ ಇನ್ನೂ ಅರ್ಥವಾಗಿಲ್ಲವೇನೋ ಎಂಬಂತೆ ನನ್ನನ್ನೇ ನೋಡಿದರು.

"ಕಷ್ಟ ಅಂತ ನಾನು ಹೇಳಲೇ ಇಲ್ಲವಲ್ಲಾ ಸಾರ್," ಎಂದರು. "ನಮಗೇನು ಕಷ್ಟ ಇತ್ತು?"