ನನ್ನವಳಲ್ಲ ಎಂದ ದೊಡ್ಡಮ್ಮ

ಹೋದ ವಾರ ಬಾಳ್ಳುಪೇಟೆಯಲ್ಲಿ ಬಸ್ಸಿಗೆ ಕಾಯುತ್ತಿದ್ದಾಗ ಅಂಗಡಿಯವನೊಬ್ಬ ಕೆಂಡಕ್ಕೆ ಹಾಲುಮಡ್ಡಿ ಧೂಪ ಹಾಕಿದ. ಆ ಹೊಗೆ ಮೂಗಿಗೆ ಬಡಿದದ್ದೇ ತಡ, ನಿಂತಲ್ಲಿ ನಿಲ್ಲಲಾಗಲಿಲ್ಲ. ನಮ್ಮೂರು ಹೆಗ್ಗದ್ದೆಯಲ್ಲಿ ಪಕ್ಕದ ಮನೆಯ ದೊಡ್ಡಮ್ಮನ ಸೆರಗಿಗೆ ಸದಾ ಅದೇ ವಾಸನೆ...

ಸಂಬಂಧದಲ್ಲಿ ಅವರು ನಮಗೇನೂ ಆಗಬೇಕಿರಲಿಲ್ಲ. ಅವರಿಗೆ ಗಂಡನಿರಲಿಲ್ಲ, ಮಕ್ಕಳಿರಲಿಲ್ಲ. ಶಾಲೆ ಬಿಟ್ಟೊಡನೆ ನಾನು ಅವರ ಜಗಲಿ ಸೇರುತ್ತಿದ್ದೆ. ಅವರು ಅವರೆಕಾಯಿ ಬಿಡಿಸುತ್ತ ರಾಕ್ಷಸರ ಕಥೆ ಹೇಳುತ್ತಿದ್ದರು. ಘಾಟಿಯಲ್ಲಿ ದಾರಿ ತಪ್ಪಿದವನೊಬ್ಬ, "ದಾರಿ ತೋರಿಸು, ಮನೆಯಲ್ಲಿ ಮೊದಲು ಎದುರು ಬಂದದ್ದನ್ನು ಕೊಡುತ್ತೇನೆ" ಎಂದು ರಾಕ್ಷಸನಿಗೆ ಮಾತು ಕೊಡುತ್ತಾನೆ. ನಾಯಿ ಬಂದೀತು ಎಂದುಕೊಂಡಿರುತ್ತಾನೆ. ಓಡಿ ಬಂದವಳು ಮಗಳು.

"ರಾಕ್ಷಸ ಸುಳ್ಳು ಹೇಳಲ್ಲ ಮಗಾ. ನಾವೇ ಮಾತು ಸಡ್ಲ ಬುಟ್ಬುಡ್ತೀವಿ," ಎನ್ನುತ್ತಿದ್ದರು. ಹಳ್ಳದಾಚೆಯ ಗೋಣಿಮರದಲ್ಲಿ ಬ್ರಹ್ಮರಾಕ್ಷಸನಿದ್ದಾನೆಂದು ಊರೆಲ್ಲ ನಂಬಿತ್ತು. ಅವರೂ ನಂಬಿದ್ದರು.

ನನಗೆ ಒಂಬತ್ತು ವರ್ಷವಿದ್ದಾಗ ಜ್ವರ ಬಂದು ಪ್ರಜ್ಞೆ ತಪ್ಪಿತು. ಸಕಲೇಶಪುರದ ಆಸ್ಪತ್ರೆಯಲ್ಲಿ ಹತ್ತು ದಿನ ಮಲಗಿದ್ದೆ. ವಾಸಿಯಾಗಿ ಬಂದವಳೇ ದೊಡ್ಡಮ್ಮನ ಜಗಲಿಗೆ ಓಡಿದೆ. ಅವರು ಹಳ್ಳದ ಕಡೆ ನೋಡುತ್ತ, ಊರಿಗೇ ಕೇಳುವಂತೆ ಕೂಗಿದರು.

"ಯಾರೇ ನೀನು? ನೀನೇನು ನನ್ನೋಳಲ್ಲ. ನಡಿ ಆಚೆ!"

ಅಳುತ್ತ ಮನೆಗೆ ಬಂದೆ. ಮರುದಿನವೂ ಅದೇ ಮಾತು. ನಾನು ಕಂಡರೆ ಸಾಕು, ಅವರು ಅಂಗಳದಲ್ಲಿ ಸುಮ್ಮನೆ ಆಚೀಚೆ ನಡೆಯುತ್ತಿದ್ದರು, ಕೂರುತ್ತಿರಲಿಲ್ಲ. ನನ್ನ ತಪ್ಪೇನೆಂದು ತಿಳಿಯಲಿಲ್ಲ. ಬರುಬರುತ್ತ ನಾನೂ ಮುಖ ತಿರುಗಿಸಿದೆ. ನನ್ನ ಮದುವೆಗೆ ಬಂದ ದೊಡ್ಡಮ್ಮ ದೂರದಿಂದಲೇ ಅಕ್ಷತೆ ಹಾಕಿ, ಊಟಕ್ಕೂ ನಿಲ್ಲದೆ ಹೊರಟರು. ನಾನೂ ಕರೆಯಲಿಲ್ಲ...

ಎರಡು ವರ್ಷದ ಹಿಂದೆ ಅವರು ತೀರಿಕೊಂಡರು. ಮಣ್ಣಿಗೆ ಹೋಗಿ ಬಂದ ಅಮ್ಮ ಅಡುಗೆಮನೆಯಲ್ಲಿ ನನ್ನನ್ನು ಪಕ್ಕಕ್ಕೆ ಕೂರಿಸಿಕೊಂಡಳು. ಆಮೇಲೆ ಹೇಳಿದಳು.

"ನೀನು ಆಸ್ಪತ್ರೇಲಿದ್ದಾಗ ದೊಡ್ಡಮ್ಮ ಗೋಣಿಮರದ ಹತ್ರ ಹೋಗಿದ್ರು ಕಣೇ. 'ಕೂಸನ್ನ ಉಳ್ಸು, ನಂದು ಅನ್ನೋದ್ರಲ್ಲಿ ಏನು ಬೇಕಾದ್ರೂ ತಗೋ' ಅಂದ್ಬುಟ್ರಂತೆ. ಮನೆಗೆ ಬಂದ್ಮೇಲೆ ಹೊಳೀತಂತೆ, ನಂದು ಅನ್ನೋಕೆ ನಿನ್ನ ಬಿಟ್ರೆ ಇನ್ಯಾರಿದ್ದಾರೆ ಅಂತ. ಅದಕ್ಕೇ ಆ ರಾಕ್ಷಸನಿಗೆ ಕೇಳ್ಲಿ ಅಂತ ಹಂಗೆ ಕೂಗ್ತಿದ್ರು. ನಿಂಗೆ ಹೇಳ್ಬಾರ್ದು ಅಂತ ನನ್ನತ್ರ ಆಣೆ ಹಾಕ್ಸಿದ್ರು."

ನಾನು ಉಳಿದದ್ದು ಆಸ್ಪತ್ರೆಯ ಔಷಧಿಯಿಂದ. ಬ್ರಹ್ಮರಾಕ್ಷಸನನ್ನು ನಾನು ನಂಬುವುದಿಲ್ಲ. ಆದರೆ ದೊಡ್ಡಮ್ಮ ನಂಬಿದ್ದರು. ನನ್ನನ್ನು ಬಿಡಿಸಿಕೊಳ್ಳಲು ಮೂವತ್ತು ವರ್ಷ ನನ್ನನ್ನೇ ದೂರವಿಟ್ಟು ಬದುಕಿದರು.

ಈಗ ನನಗೂ ಇಬ್ಬರು ಮಕ್ಕಳು. ಅವರ ಮೈ ಸ್ವಲ್ಪ ಬೆಚ್ಚಗಾದರೂ ಒಂದು ಕಡೆ ಕೂರಲಾಗುವುದಿಲ್ಲ. ಬಾಯಿಗೆ ಏನೇನೋ ಹರಕೆ ಬರುತ್ತವೆ, ತಡೆದುಕೊಳ್ಳುತ್ತೇನೆ. ಒಮ್ಮೆಯಾದರೂ ಹೋಗಿ, "ನಾನು ನಿಮ್ಮವಳೇ ದೊಡ್ಡಮ್ಮ" ಎನ್ನಬಹುದಿತ್ತು. ಅವರು ಇದ್ದಷ್ಟು ದಿನವೂ ನಾನು ಕೋಪದಲ್ಲೇ ಇದ್ದೆ.